ರಾಜಿಂದರ್ ಕೌರ್ ಭಟ್ಟಲ್: 82 ದಿನದ ಮುಖ್ಯಮಂತ್ರಿ ಅಂತಷ್ಟೇ ನೆನೆದರೆ ಸಾಕೇ?

ಶರಾವತಿ ತೀರ

ಮಹಿಳಾ ಮುಖ್ಯಮಂತ್ರಿಗಳ ಮಾತು ಬಂದಾಗಲೆಲ್ಲ ಜಯಲಲಿತಾ, ಮಾಯಾವತಿ, ಶೀಲಾ ದೀಕ್ಷಿತ್, ಮಮತಾ ಬ್ಯಾನರ್ಜಿ, ಇಷ್ಟೇ ಹೆಸರು ಓಡಾಡುತ್ತವೆ. ಪಂಜಾಬಿನ ರಾಜಿಂದರ್ ಕೌರ್ ಭಟ್ಟಲ್ ಅವರ ಹೆಸರು ಸ್ಪರ್ಧಾ ಪರೀಕ್ಷೆಯ ಪುಸ್ತಕದಲ್ಲಿ ಒಂದು ಸಾಲಾಗಿ ಉಳಿದಿದೆ: "ಪಂಜಾಬಿನ ಮೊದಲ ಮಹಿಳಾ ಮುಖ್ಯಮಂತ್ರಿ, 1996". ಆ ಸಾಲನ್ನು ಬಾಯಿಪಾಠ ಮಾಡಿ ಮುಂದೆ ಹೋಗುತ್ತೇವೆ. ನನಗೆ ಇದು ತುಂಬಾ ಬೇಜಾರಿನ ವಿಷಯ.

ಗೊತ್ತಿಲ್ಲದವರಿಗಾಗಿ ಚಿಕ್ಕದಾಗಿ ಹೇಳುತ್ತೇನೆ. ಹುಟ್ಟಿದ್ದು 1945ರಲ್ಲಿ, ದೇಶ ಒಡೆಯುವ ಮುಂಚಿನ ಲಾಹೋರಿನಲ್ಲಿ. ಬೆಳೆದ ನಂಟು, ಮದುವೆ, ರಾಜಕೀಯ ಎಲ್ಲ ಸಂಗ್ರೂರ್ ಜಿಲ್ಲೆಯದು. ತಂದೆ ಹೀರಾ ಸಿಂಗ್ ಭಟ್ಟಲ್, ಗಂಡನ ಊರು ಚಂಗಾಲಿವಾಲಾ. ಲೆಹ್ರಾಗಾಗಾ ಕ್ಷೇತ್ರದಿಂದ 1992, 1997, 2002, 2007, 2012, ಹೀಗೆ ಸತತ ಐದು ಸಲ ಶಾಸಕಿ. 1996ರ ನವೆಂಬರ್ 21ರಿಂದ 1997ರ ಫೆಬ್ರವರಿವರೆಗೆ ಮುಖ್ಯಮಂತ್ರಿ. 2004ರಿಂದ 2007ರವರೆಗೆ ಉಪಮುಖ್ಯಮಂತ್ರಿ. ಆಮೇಲೆ ಸದನದಲ್ಲಿ ವಿರೋಧ ಪಕ್ಷದ ನಾಯಕಿ.

ಸಿಖ್ ಸಮುದಾಯದಿಂದ ಮುಖ್ಯಮಂತ್ರಿಯಾದ ಹೆಣ್ಣುಮಗಳು ಇವರೊಬ್ಬರೇ. ಅವರ ನಂತರ ಪಂಜಾಬಿಗೆ ಇನ್ನೊಬ್ಬ ಮಹಿಳಾ ಮುಖ್ಯಮಂತ್ರಿ ಬಂದಿಲ್ಲ. ಇಪ್ಪತ್ತೈದು ವರ್ಷ ಒಂದೇ ಕ್ಷೇತ್ರ ಹಿಡಿದುಕೊಂಡಿದ್ದವರನ್ನು 82 ದಿನದ ಲೆಕ್ಕದಲ್ಲಿ ಅಳೆಯುವುದು ಅನ್ಯಾಯ ಅಲ್ವಾ? ನಿಮಗೆ ಏನು ಗೊತ್ತಿದೆಯೋ ಹಂಚಿಕೊಳ್ಳಿ.

ಇತಿಹಾಸದ ಮೇಷ್ಟ್ರು

ಒಳ್ಳೆಯ ವಿಷಯ ಎತ್ತಿದಿರಿ ಮೇಡಂ. ಆದರೆ ಆ ಐದು ಗೆಲುವುಗಳಲ್ಲಿ ಮೊದಲನೆಯದನ್ನು ಬೇರೆಯಾಗಿಯೇ ನೋಡಬೇಕು.

ಪಂಜಾಬಿನಲ್ಲಿ 1987ರಿಂದ ರಾಷ್ಟ್ರಪತಿ ಆಳ್ವಿಕೆ ಇತ್ತು. 1991ರಲ್ಲಿ ಚುನಾವಣೆ ಘೋಷಣೆಯಾಯಿತು. ಖಾಲಿಸ್ತಾನಿ ಉಗ್ರರು ಅಭ್ಯರ್ಥಿಗಳನ್ನೇ ಹುಡುಕಿ ಕೊಂದರು. ಮತದಾನಕ್ಕೆ ಒಂದು ದಿನ ಮುಂಚೆ ಚುನಾವಣೆಯೇ ರದ್ದಾಯಿತು. ಅದಾಗಿ ಕೆಲವೇ ತಿಂಗಳಿಗೆ, 1992ರ ಫೆಬ್ರವರಿಯಲ್ಲಿ ಮತ್ತೆ ಚುನಾವಣೆ. ಸಿಖ್ಖರ ಪಕ್ಷವಾದ ಅಕಾಲಿ ದಳದವರಲ್ಲಿ ಹೆಚ್ಚಿನವರು ಬಹಿಷ್ಕಾರ ಹಾಕಿದರು. ಮತ ಹಾಕಿದವರು ನೂರಕ್ಕೆ ಸುಮಾರು 24 ಜನ ಮಾತ್ರ. ಕಾಂಗ್ರೆಸ್ 117ರಲ್ಲಿ 87 ಸೀಟು ಗೆದ್ದು ಬೇಅಂತ್ ಸಿಂಗ್ ಮುಖ್ಯಮಂತ್ರಿಯಾದರು. ಭಟ್ಟಲ್ ಮೊದಲ ಸಲ ಸದನಕ್ಕೆ ಬಂದಿದ್ದು ಆಗ.

ಆ ಜನಾದೇಶ ಎಷ್ಟು ಗಟ್ಟಿ ಅನ್ನುವ ಪ್ರಶ್ನೆ ನ್ಯಾಯವಾದದ್ದೇ. ನಾಲ್ಕರಲ್ಲಿ ಮೂರು ಜನ ಮತಗಟ್ಟೆಗೇ ಹೋಗದ ಚುನಾವಣೆ ಅದು. ಆದರೆ ಆ ಹೊತ್ತಿನಲ್ಲಿ ಪಂಜಾಬಿನ ದಕ್ಷಿಣ ಭಾಗವಾದ ಮಾಲ್ವಾದ ಹಳ್ಳಿಹಳ್ಳಿಗೆ ಹೋಗಿ ಓಟು ಕೇಳುವುದೆಂದರೆ ಜೀವ ಪಣಕ್ಕಿಟ್ಟ ಹಾಗೆ. ಇದನ್ನೂ ಮರೆಯಬಾರದು.

1995ರ ಆಗಸ್ಟ್ 31ರಂದು ಚಂಡೀಗಢದ ಸಚಿವಾಲಯದ ಬಾಗಿಲಲ್ಲೇ ಬೇಅಂತ್ ಸಿಂಗ್ ಅವರನ್ನು ಆತ್ಮಾಹುತಿ ಬಾಂಬ್ ಸಿಡಿಸಿ ಕೊಂದರು. ಹರ್‌ಚರಣ್ ಸಿಂಗ್ ಬ್ರಾರ್ ಮುಖ್ಯಮಂತ್ರಿಯಾದರು. 1996ರ ಮೇ ತಿಂಗಳ ಲೋಕಸಭಾ ಚುನಾವಣೆಯಲ್ಲಿ ಪಂಜಾಬಿನ 13ರಲ್ಲಿ ಕಾಂಗ್ರೆಸ್ಸಿಗೆ ಸಿಕ್ಕಿದ್ದು 2. ಪಕ್ಷದೊಳಗೆ ಜಗಳ ಶುರುವಾಯಿತು. ಸೀತಾರಾಂ ಕೇಸರಿ ಕಾಂಗ್ರೆಸ್ ಅಧ್ಯಕ್ಷರಾದ ಕೆಲವೇ ವಾರಗಳಲ್ಲಿ ಬ್ರಾರ್ ಇಳಿದರು, ಭಟ್ಟಲ್ ಬಂದರು. ವಿಧಾನಸಭಾ ಚುನಾವಣೆಗೆ ಮೂರು ತಿಂಗಳೂ ಉಳಿದಿರಲಿಲ್ಲ.

ಹೊಸ ಓದುಗ

ಅಂದರೆ ಸೋಲು ಖಚಿತ ಅಂತ ಗೊತ್ತಾದ ಮೇಲೆ ಹೆಣ್ಣುಮಗಳ ಕೈಗೆ ಕೊಟ್ಟರು ಅಂತಲೇ ಅಲ್ವಾ ಸರ್?

ಇತಿಹಾಸದ ಮೇಷ್ಟ್ರು

ಹೌದು, ನಾನೂ ಅದನ್ನು ಹಾಗೆಯೇ ಓದುತ್ತೇನೆ. ಇದು ಪಂಜಾಬಿನ ಕಥೆ ಮಾತ್ರ ಅಲ್ಲ. ತಮಿಳುನಾಡಿನಲ್ಲಿ ಎಂಜಿಆರ್ ತೀರಿಕೊಂಡು ಪಕ್ಷ ಒಡೆದಾಗ 1988ರ ಜನವರಿಯಲ್ಲಿ ಅವರ ಹೆಂಡತಿ ಜಾನಕಿ ಅವರನ್ನು ಕೂರಿಸಿದರು, ಒಂದು ತಿಂಗಳೂ ಆಗಲಿಲ್ಲ. 1998ರ ಅಕ್ಟೋಬರಿನಲ್ಲಿ ದೆಹಲಿಯಲ್ಲಿ ಈರುಳ್ಳಿ ಬೆಲೆ ಏರಿ ಜನ ಸಿಟ್ಟಾಗಿದ್ದಾಗ ಬಿಜೆಪಿ ಸುಷ್ಮಾ ಸ್ವರಾಜ್ ಅವರನ್ನು ತಂದಿತು. ಎರಡು ತಿಂಗಳೊಳಗೆ ಚುನಾವಣೆ, ಸೋಲು. ಪಕ್ಷ ಯಾವುದಾದರೂ ನಡೆ ಒಂದೇ. ಗಂಡಸರು ಮನೆ ಕೆಡಿಸಿದ ಮೇಲೆ ಬೀಗದ ಕೈ ಹೆಣ್ಣಿಗೆ ಕೊಡುತ್ತಾರೆ. ಆಮೇಲೆ ಸೋಲಿನ ಪಟ್ಟಿಯಲ್ಲಿ ಆಕೆಯ ಹೆಸರು ಸೇರಿಸುತ್ತಾರೆ.

1997ರ ಫೆಬ್ರವರಿಯ ಫಲಿತಾಂಶ: ಅಕಾಲಿ ದಳ 75, ಬಿಜೆಪಿ 18, ಕಾಂಗ್ರೆಸ್ 14. ಅಷ್ಟು ದೊಡ್ಡ ಅಲೆಯಲ್ಲಿ ದಡ ಸೇರಿದ 14 ಜನರಲ್ಲಿ ಭಟ್ಟಲ್ ಒಬ್ಬರು. ಈ ಸಲ ಅಕಾಲಿಗಳೂ ಕಣದಲ್ಲಿದ್ದರು, ಜನರೂ ಮತಗಟ್ಟೆಗೆ ಬಂದಿದ್ದರು. 1992ರ ಗೆಲುವಿನ ಮೇಲಿದ್ದ ಅನುಮಾನಕ್ಕೆ ಲೆಹ್ರಾದ ಜನ ಕೊಟ್ಟ ಉತ್ತರ ಅದು. ನನ್ನ ಲೆಕ್ಕದಲ್ಲಿ ಅವರ ಐದು ಗೆಲುವಿನಲ್ಲಿ ದೊಡ್ಡದು ಇದೇ.

ಬೋರ್‌ವೆಲ್ ರೈತ

ಕೋಲಾರದ ಕಡೆಯವನು ನಾನು. ಭಟ್ಟಲ್ ಹೆಸರು ನನಗೆ ಗೊತ್ತಿರುವುದು ಬೇರೆ ಕಾರಣಕ್ಕೆ. ರೈತರಿಗೆ ಉಚಿತ ಕರೆಂಟು. 1996ರ ಡಿಸೆಂಬರಿನಲ್ಲಿ, ಅಂದರೆ ಮುಖ್ಯಮಂತ್ರಿಯಾದ ಮುಂದಿನ ತಿಂಗಳೇ, ಸಣ್ಣ ರೈತರ ಕೊಳವೆಬಾವಿಗೆ ಬಿಟ್ಟಿ ವಿದ್ಯುತ್ ಕೊಡುವ ಯೋಜನೆ ತಂದರು. 82 ದಿನದಲ್ಲಿ ಏನು ಮಾಡಲು ಸಾಧ್ಯ ಅನ್ನುವವರು ಇದನ್ನು ನೋಡಬೇಕು. ಆ ದಿನಗಳಲ್ಲೂ ಕೊನೆಯ ವಾರಗಳು ಚುನಾವಣಾ ನೀತಿಸಂಹಿತೆಯೊಳಗೆ ಹೋದವು.

ಆಮೇಲೆ ಏನಾಯಿತು ಅಂದರೆ, 1997ರಲ್ಲಿ ಗೆದ್ದು ಬಂದ ಪ್ರಕಾಶ್ ಸಿಂಗ್ ಬಾದಲ್ ಸರ್ಕಾರ ಸಣ್ಣವರು ದೊಡ್ಡವರು ಅನ್ನದೆ ಎಲ್ಲ ರೈತರಿಗೂ ಅದನ್ನು ಹರಡಿತು. 2002ರಲ್ಲಿ ಕಾಂಗ್ರೆಸ್ಸಿನ ಅಮರಿಂದರ್ ಸಿಂಗ್ ಬಂದು ನಿಲ್ಲಿಸಿದರು. 2005ರಲ್ಲಿ ಅವರೇ ಮತ್ತೆ ಕೊಟ್ಟರು. ಆಗ ಭಟ್ಟಲ್ ಉಪಮುಖ್ಯಮಂತ್ರಿ. ಒಮ್ಮೆ ಕೊಟ್ಟಿದ್ದನ್ನು ವಾಪಸ್ ಪಡೆಯುವ ಧೈರ್ಯ ಆಮೇಲೆ ಯಾವ ಪಕ್ಷಕ್ಕೂ ಬಂದಿಲ್ಲ.

ಇದರ ಬೆಲೆ ಏನು ಅಂತ ನಮ್ಮ ಕಡೆಯವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ನಮ್ಮಲ್ಲೂ ಹತ್ತು ಹೆಚ್‌ಪಿವರೆಗಿನ ಪಂಪ್‌ಸೆಟ್ಟಿಗೆ ಕರೆಂಟು ಉಚಿತ. ಸಾವಿರ ಅಡಿ ಕೊರೆದರೂ ನೀರು ಸಿಗದ ಊರುಗಳಿವೆ. ಪಂಜಾಬಿನಲ್ಲಿ ಭತ್ತ ಬೇರೆ. ಮಳೆ, ಕಾಲುವೆಯಿಂದ ನೆಲಕ್ಕೆ ಇಳಿಯುವ ನೀರಿಗಿಂತ ಒಂದೂವರೆ ಪಟ್ಟು ಜಾಸ್ತಿ ನೀರನ್ನು ವರ್ಷ ವರ್ಷ ಮೇಲೆತ್ತುತ್ತಾರೆ. ಅದರಲ್ಲೂ ಅಂತರ್ಜಲ ತೀರಾ ಕುಸಿದ ಜಿಲ್ಲೆಗಳಲ್ಲಿ ಭಟ್ಟಲ್ ಅವರ ಸಂಗ್ರೂರ್ ಒಂದು. ಬಿರುಬೇಸಿಗೆಯಲ್ಲಿ ಭತ್ತ ನಾಟಿ ಮಾಡಬಾರದು, ಸರ್ಕಾರ ಹೇಳಿದ ತಾರೀಖು ಆದಮೇಲೆಯೇ ಮಾಡಬೇಕು ಅಂತ 2009ರಲ್ಲಿ ಕಾನೂನೇ ತರಬೇಕಾಯಿತು.

ಆಕೆಯ ಮೇಲೆ ಗೂಬೆ ಕೂರಿಸಲು ಇದನ್ನು ಹೇಳುತ್ತಿಲ್ಲ. ಆಕೆ ಕೊಟ್ಟಿದ್ದು ಸಣ್ಣ ಹಿಡುವಳಿಯವರಿಗೆ. ಅಲ್ಲಿಗೇ ನಿಲ್ಲಿಸಿದ್ದರೆ ಪಂಜಾಬಿನ ನೆಲದಡಿಯ ನೀರಿನ ಗತಿ ಬೇರೆ ಇರುತ್ತಿತ್ತು ಅಂತ ನನಗೆ ಬಲವಾಗಿ ಅನಿಸುತ್ತದೆ.

ನೀಲಿ ಪೆನ್ನು

ರೈತ ಸರ್, ಒಂದು ಮಾತು ಸೇರಿಸುತ್ತೇನೆ. ಕೊಳವೆಬಾವಿ ಇರುವುದು ಜಮೀನು ಇದ್ದವರ ಹತ್ತಿರ. ಪಂಜಾಬಿನ ಜನಸಂಖ್ಯೆಯಲ್ಲಿ ಪರಿಶಿಷ್ಟ ಜಾತಿಯವರು ಸುಮಾರು 32 ಶೇಕಡಾ. ದೇಶದ ಯಾವ ರಾಜ್ಯದಲ್ಲೂ ಇಷ್ಟು ಪ್ರಮಾಣ ಇಲ್ಲ. ಅವರ ಕೈಯಲ್ಲಿರುವ ಜಮೀನು ಮಾತ್ರ ಬೆರಳೆಣಿಕೆಯಷ್ಟು. ಕೂಲಿಗೆ ಹೋಗುವ ಹೆಣ್ಣುಮಗಳಿಗೆ ಬಿಟ್ಟಿ ಕರೆಂಟಿನ ಪಂಪಿನಿಂದ ಏನು ಸಿಕ್ಕಿತು?

ಸಂಗ್ರೂರ್ ಜಿಲ್ಲೆಯಲ್ಲಿ ಇದು ತುಂಬಾ ಬಿಸಿಯಾದ ಪ್ರಶ್ನೆ. ಅಲ್ಲಿನ ಕಾನೂನಿನ ಪ್ರಕಾರ ಊರಿನ ಸಾಮೂಹಿಕ ಜಮೀನಿನ ಮೂರನೇ ಒಂದು ಪಾಲನ್ನು ಪರಿಶಿಷ್ಟರಿಗೇ ಗೇಣಿಗೆ ಕೊಡಬೇಕು. ಹರಾಜಿನಲ್ಲಿ ಯಾರದೋ ಹೆಸರಿಗೆ ಹಿಡಿದು ದೊಡ್ಡವರೇ ಉಳುತ್ತಿದ್ದರು. 2014ರ ಹೊತ್ತಿಗೆ ಅಲ್ಲಿನ ದಲಿತರು ಜಮೀನ್ ಪ್ರಾಪ್ತಿ ಸಂಘರ್ಷ ಕಮಿಟಿ ಕಟ್ಟಿಕೊಂಡು ಬೀದಿಗಿಳಿದರು. ಮುಂದೆ ನಿಂತವರಲ್ಲಿ ಹೆಂಗಸರೇ ಬಹಳ ಜನ. ಚಂಗಾಲಿವಾಲಾದಲ್ಲೇ 2019ರಲ್ಲಿ ಒಬ್ಬ ದಲಿತ ವ್ಯಕ್ತಿಯನ್ನು ಕಟ್ಟಿಹಾಕಿ ಹೊಡೆದು ಕೊಂದರು. ಇಡೀ ಪಂಜಾಬ್ ತಲ್ಲಣಿಸಿತು.

ಆ ಕೊಲೆಗೂ ಭಟ್ಟಲ್ ಅವರಿಗೂ ಸಂಬಂಧ ಇಲ್ಲ, ಅದನ್ನು ಸ್ಪಷ್ಟವಾಗಿ ಹೇಳಿಬಿಡುತ್ತೇನೆ. ಆದರೆ ಕಾಲು ಶತಮಾನ ಒಬ್ಬರೇ ಗೆದ್ದ ಕ್ಷೇತ್ರದ ಬಗ್ಗೆ ಬರೆಯುವಾಗ ಆ ಹಳ್ಳಿಗಳಲ್ಲಿ ಜಮೀನು ಯಾರ ಹತ್ತಿರ ಇದೆ ಅಂತಲೂ ಬರೆಯಬೇಕು. ಮೊದಲ ಮಹಿಳೆ ಅನ್ನುವ ಹೆಮ್ಮೆ ನನಗೂ ಇದೆ. ಆ ಹೆಮ್ಮೆಯಲ್ಲಿ ಹೊಲದಲ್ಲಿ ಕಳೆ ಕೀಳುವವಳನ್ನು ಬಿಟ್ಟುಬಿಡಬೇಡಿ.

ಶರಾವತಿ ತೀರ

ನೀಲಿ ಪೆನ್ನು ಅವರೇ, ಒಪ್ಪುತ್ತೇನೆ. ಅವರ ರಾಜಕೀಯ ಜಟ್ ಸಿಖ್ ರೈತರ ರಾಜಕೀಯವೇ. ಅಲ್ಲಿ ಕಾಂಗ್ರೆಸ್ ಇರಲಿ, ಅಕಾಲಿ ಇರಲಿ, ಮೇಲಿನ ಸಾಲಿನಲ್ಲಿ ಕೂತವರು ಹೆಚ್ಚಾಗಿ ಆ ಸಮುದಾಯದವರೇ. ದಲಿತ ಸಿಖ್ಖರೊಬ್ಬರು ಮುಖ್ಯಮಂತ್ರಿ ಆಗಲು 2021ರ ಸೆಪ್ಟೆಂಬರ್ ಬರಬೇಕಾಯಿತು. ಚರಣ್‌ಜಿತ್ ಸಿಂಗ್ ಚನ್ನಿ. ಅವರಿಗೂ ಕಾಂಗ್ರೆಸ್ ಕುರ್ಚಿ ಕೊಟ್ಟಿದ್ದು ಯಾವಾಗ? ಚುನಾವಣೆಗೆ ಐದು ತಿಂಗಳು ಇದ್ದಾಗ, ಅಮರಿಂದರ್ ಮೇಲೆ ಪಕ್ಷದೊಳಗೇ ದಂಗೆ ಎದ್ದ ಮೇಲೆ. ಫಲಿತಾಂಶ 117ರಲ್ಲಿ 18. ಆಮ್ ಆದ್ಮಿಗೆ 92.

ಇಪ್ಪತ್ತೈದು ವರ್ಷದ ಅಂತರದಲ್ಲಿ ಒಂದೇ ಪಕ್ಷ, ಒಂದೇ ರಾಜ್ಯ. ಮೊದಲ ಹೆಣ್ಣು, ಮೊದಲ ದಲಿತ. ಇಬ್ಬರಿಗೂ ಕೊನೆ ಗಳಿಗೆಯ ಕುರ್ಚಿ. ಪೂರ್ತಿ ಐದು ವರ್ಷ ಕೊಟ್ಟಿದ್ದರೆ ಏನು ಮಾಡುತ್ತಿದ್ದರು ಅಂತ ನೋಡುವ ಅವಕಾಶ ನಮಗೆ ಸಿಗಲೇ ಇಲ್ಲ. ನನ್ನ ಸಿಟ್ಟು ಇದರ ಮೇಲೆ.

ಬೀದರ್ ಕೋಟೆ

ನಮ್ಮ ಬೀದರಿನಲ್ಲಿ ಗುರುನಾನಕ್ ಝೀರಾ ಗುರುದ್ವಾರಾ ಇದೆ, ಸಣ್ಣವನಿದ್ದಾಗಿನಿಂದ ಲಂಗರಿನಲ್ಲಿ ಕೂತು ಉಂಡವನು ನಾನು. ಅಲ್ಲಿ ಹೆಂಗಸರು ಗಂಡಸರು ಒಂದೇ ಸಾಲಿನಲ್ಲಿ ಕೂರುತ್ತಾರೆ. ಸಿಖ್ ಧರ್ಮದಲ್ಲಿ ಹೆಣ್ಣಿಗೆ ಸಮಾನ ಸ್ಥಾನ ಅಂತ ಕೇಳಿಕೊಂಡೇ ಬೆಳೆದಿದ್ದೇವೆ. ಹಾಗಿದ್ದರೆ ರಾಜಕೀಯದಲ್ಲಿ ಒಬ್ಬರೇ ಒಬ್ಬರು ಯಾಕೆ? ಯಾರಾದರೂ ತಿಳಿದವರು ಹೇಳ್ರಿ.

ಮೊಹಾಲಿ ಕನ್ನಡಿಗ

ಕೆಲಸದ ಮೇಲೆ ಬಹಳ ವರ್ಷದಿಂದ ಈ ಕಡೆಯೇ ಇದ್ದೇನೆ. ಬೀದರ್ ಅಣ್ಣನ ಪ್ರಶ್ನೆಗೆ ನನಗೆ ತಿಳಿದಷ್ಟು ಹೇಳುತ್ತೇನೆ.

ಮತದಾನದ ಹಕ್ಕಿನ ವಿಷಯದಲ್ಲಿ ಸಿಖ್ ಹೆಂಗಸರು ತುಂಬಾ ಮುಂದಿದ್ದರು. 1925ರ ಗುರುದ್ವಾರಾ ಕಾನೂನಿನಲ್ಲೇ ಗುರುದ್ವಾರಾಗಳನ್ನು ನೋಡಿಕೊಳ್ಳುವ ಶಿರೋಮಣಿ ಗುರುದ್ವಾರಾ ಪ್ರಬಂಧಕ ಕಮಿಟಿಯ ಚುನಾವಣೆಯಲ್ಲಿ ಅವರಿಗೆ ಮತ ಹಾಕುವ ಹಕ್ಕು ಇತ್ತು. ಆದರೆ ಆ ಕಮಿಟಿಗೆ ಮೊದಲ ಅಧ್ಯಕ್ಷೆ ಬರಲು 1999 ಆಗಬೇಕಾಯಿತು. ಅವರು ಬೀಬಿ ಜಗೀರ್ ಕೌರ್, ಅಕಾಲಿ ದಳದವರು. ಅಂದರೆ ಧರ್ಮದ ಸಂಸ್ಥೆಗಿಂತ ಮೂರು ವರ್ಷ ಮುಂಚೆ ರಾಜ್ಯಕ್ಕೇ ಹೆಣ್ಣುಮಗಳು ಮುಖ್ಯಸ್ಥೆ ಆಗಿದ್ದರು. ಅಮೃತಸರದ ದರ್ಬಾರ್ ಸಾಹಿಬ್, ಅಂದರೆ ಸ್ವರ್ಣಮಂದಿರದ ಒಳಗೆ ಕೀರ್ತನೆ ಹಾಡುವ ಅವಕಾಶ ಹೆಂಗಸರಿಗೆ ಇನ್ನೂ ಸಿಕ್ಕಿಲ್ಲ, ಅದಕ್ಕಾಗಿ ವರ್ಷಗಳಿಂದ ಕೇಳುತ್ತಲೇ ಇದ್ದಾರೆ.

ವಿಧಾನಸಭೆಯ ಲೆಕ್ಕ ನೋಡಿ. 2022ರಲ್ಲಿ ಗೆದ್ದ ಮಹಿಳೆಯರು 117ಕ್ಕೆ 13.

ಇನ್ನು ಲೆಹ್ರಾ ಕಡೆಯ ವಿಷಯ. ಇಲ್ಲಿಯ ಜನ ಅವರನ್ನು "ಬೀಬಿ ಭಟ್ಟಲ್" ಅಂತಲೇ ಕರೆಯುತ್ತಾರೆ. ಲೆಹ್ರಾಗಾಗಾ ಸಂಗ್ರೂರಿನ ದಕ್ಷಿಣ ತುದಿ, ಹರಿಯಾಣದ ಗಡಿಗೆ ತಾಗಿದ ಜಾಗ. ಮೂನಕ್, ಖನೌರಿ ಎಲ್ಲ ಇದೇ ಭಾಗ. 2024ರಲ್ಲಿ ರೈತರು ತಿಂಗಳುಗಟ್ಟಲೆ ಧರಣಿ ಕೂತ ಖನೌರಿ ಗಡಿ ಇದೇ. ಒಂದು ಕಡೆ ಅಂತರ್ಜಲ ಇಳಿದು ಹೋಗಿದೆ, ಇನ್ನೊಂದು ಕಡೆ ಮಳೆಗಾಲದಲ್ಲಿ ಘಗ್ಗರ್ ನದಿ ದಂಡೆ ಒಡೆದು ಬೆಳೆ ಮುಳುಗಿಸುತ್ತದೆ. 2023ರ ಜುಲೈಯಲ್ಲಿ ಮೂನಕ್ ಸುತ್ತ ಹೀಗೇ ಆಯಿತು. ಸಾಲದಿಂದ ರೈತರು ಪ್ರಾಣ ಕಳೆದುಕೊಂಡ ಸುದ್ದಿ ಪಂಜಾಬಿನಲ್ಲಿ ಮೊದಮೊದಲು ಜಾಸ್ತಿ ಕೇಳಿಬಂದಿದ್ದೂ ಲೆಹ್ರಾಗಾಗಾ, ಅಂದಾನಾ ಬ್ಲಾಕುಗಳಿಂದಲೇ. ಇಂಥ ಕ್ಷೇತ್ರವನ್ನು ಐದು ಸಲ ಗೆಲ್ಲುವುದು ಸುಮ್ನೆ ಅಲ್ಲ. ಐದು ಸಲ ಗೆದ್ದೂ ನದಿಯ ದಂಡೆ ಗಟ್ಟಿ ಮಾಡಿಸಲು ಆಗಲಿಲ್ಲ ಅನ್ನುವ ಕೋಪವೂ ಜನರಲ್ಲಿದೆ.

ಕಾಲೇಜಿನ ಕಥೆಯನ್ನೂ ಹೇಳಬೇಕು. 2005ರಲ್ಲಿ, ಉಪಮುಖ್ಯಮಂತ್ರಿಯಾಗಿದ್ದಾಗ, ಲೆಹ್ರಾಗಾಗಾದಲ್ಲಿ ಸರ್ಕಾರದ ಎಂಜಿನಿಯರಿಂಗ್ ಕಾಲೇಜು ಶುರುವಾಯಿತು. ಬಾಬಾ ಹೀರಾ ಸಿಂಗ್ ಭಟ್ಟಲ್ ಅಂತ ಅವರ ತಂದೆಯದೇ ಹೆಸರು. ಹಿಂದುಳಿದ ಆ ಪಟ್ಟಣಕ್ಕೆ ಅದು ದೊಡ್ಡ ವಿಷಯ. ಸುತ್ತಲಿನ ಹಳ್ಳಿಯ ಮಕ್ಕಳು ಮನೆಯಿಂದಲೇ ಹೋಗಿ ಓದುವ ಹಾಗಾಯಿತು. ಕ್ರಮೇಣ ಎಂಜಿನಿಯರಿಂಗ್ ಸೀಟುಗಳಿಗೆ ಬೇಡಿಕೆ ಇಳಿಯಿತು, ಸರ್ಕಾರದ ಹಣವೂ ಬರಲಿಲ್ಲ. ಸಿಬ್ಬಂದಿ ಸಂಬಳವಿಲ್ಲದೆ ಧರಣಿ ಕೂತರು. ಕೊನೆಗೆ ಕಾಲೇಜು ನಿಂತೇ ಹೋಯಿತು. ಕಟ್ಟಿದವರು ಅಧಿಕಾರದಲ್ಲಿ ಇಲ್ಲದಿದ್ದರೆ ಕಟ್ಟಿದ್ದು ಉಳಿಯುವುದಿಲ್ಲ, ಇಲ್ಲಿಯ ರಾಜಕೀಯದ ದೊಡ್ಡ ರೋಗ ಇದು.

ಹೊಸ ಓದುಗ

ಉಪಮುಖ್ಯಮಂತ್ರಿ ಆದದ್ದು ಹೇಗೆ? ಅಮರಿಂದರ್ ಜೊತೆ ಅವರಿಗೆ ಆಗುತ್ತಿರಲಿಲ್ಲ ಅಂತ ಓದಿದ ನೆನಪು.

ಇತಿಹಾಸದ ಮೇಷ್ಟ್ರು

ಆಗುತ್ತಿರಲಿಲ್ಲ, ನಿಜ. 2002ರಲ್ಲಿ ಕಾಂಗ್ರೆಸ್ ಗೆದ್ದು ಅಮರಿಂದರ್ ಮುಖ್ಯಮಂತ್ರಿಯಾದರು. ಪಟಿಯಾಲದ ಮಹಾರಾಜರ ಮನೆತನ, ದೊಡ್ಡ ಹೆಸರು. ಒಂದೂವರೆ ವರ್ಷದಲ್ಲೇ ಶಾಸಕರ ಅಸಮಾಧಾನ ಹೊರಗೆ ಬಂತು. ಆ ಗುಂಪಿನ ಮುಂದೆ ನಿಂತವರು ಭಟ್ಟಲ್. ಶಾಸಕರನ್ನು ಕರೆದುಕೊಂಡು ದೆಹಲಿಗೆ ಹೋಗಿ ಕೂತರು. ಹೈಕಮಾಂಡ್ ರಾಜಿ ಮಾಡಿಸಿತು. 2004ರ ಜನವರಿಯಲ್ಲಿ ಅವರು ಉಪಮುಖ್ಯಮಂತ್ರಿ.

ಪತ್ರಿಕೆಗಳು ಇದನ್ನು "ಭಿನ್ನಮತ", "ಕುರ್ಚಿ ಆಸೆ" ಅಂತ ಬರೆದವು. ಅದೇ ಕೆಲಸ ಗಂಡಸು ಮಾಡಿದ್ದರೆ ಚಾಣಾಕ್ಷ ಅನ್ನುತ್ತಿದ್ದರು. 1997ರ ಸೋಲಿನ ಹೊರೆ ಹೊತ್ತ ಹೆಂಗಸು ಏಳು ವರ್ಷದ ಮೇಲೆ ರಾಜಮನೆತನದ ಮುಖ್ಯಮಂತ್ರಿಯನ್ನು ಮಾತುಕತೆಯ ಮೇಜಿಗೆ ತಂದು ಕೂರಿಸಿದ್ದು ಸಣ್ಣ ರಾಜಕೀಯ ಅಲ್ಲ. ಸುಷ್ಮಾ ಮತ್ತೆ ದೆಹಲಿ ರಾಜ್ಯದ ಅಧಿಕಾರಕ್ಕೆ ಬರಲಿಲ್ಲ. ಜಾನಕಿ ರಾಜಕೀಯವನ್ನೇ ಬಿಟ್ಟರು. ಭಟ್ಟಲ್ ಮಾತ್ರ ಅದೇ ರಾಜ್ಯದಲ್ಲಿ, ಅದೇ ಕ್ಷೇತ್ರದಲ್ಲಿ ನಿಂತು ವಾಪಸ್ ಬಂದರು.

ಬೋರ್‌ವೆಲ್ ರೈತ

ಮೇಷ್ಟ್ರೇ, ಈ ಮಾತು ನನಗೆ ತುಂಬಾ ಹಿಡಿಸಿತು. ನಮ್ಮ ಗುಂಡ್ಲುಪೇಟೆಯ ಕೆ.ಎಸ್. ನಾಗರತ್ನಮ್ಮ ನೆನಪಾದರು. ಏಳು ಸಲ ಶಾಸಕಿ, 1972ರಿಂದ 78ರವರೆಗೆ ಸ್ಪೀಕರ್, ಆಮೇಲೆ ವಿರೋಧ ಪಕ್ಷದ ನಾಯಕಿ. ಅಷ್ಟಾದರೂ ಮುಖ್ಯಮಂತ್ರಿ ಕುರ್ಚಿಯ ಹತ್ತಿರಕ್ಕೆ ಅವರನ್ನು ಬಿಡಲಿಲ್ಲ. ಕರ್ನಾಟಕಕ್ಕೆ ಇಂದಿಗೂ ಒಬ್ಬ ಮಹಿಳಾ ಮುಖ್ಯಮಂತ್ರಿ ಇಲ್ಲ. ಪಂಜಾಬಿನವರು 82 ದಿನವಾದರೂ ನೋಡಿದ್ದಾರೆ.

ನೀಲಿ ಪೆನ್ನು

2017ರ ಸೋಲಿನ ಬಗ್ಗೆ ಯಾರೂ ಬರೆದಿಲ್ಲವಲ್ಲ?

ಮೊಹಾಲಿ ಕನ್ನಡಿಗ

ಆ ವರ್ಷ ಅಕಾಲಿಗಳು ಆಗಿನ ಹಣಕಾಸು ಸಚಿವ ಪರ್ಮಿಂದರ್ ಸಿಂಗ್ ಢಿಂಡ್ಸಾ ಅವರನ್ನು ಸುನಾಮ್ ಬಿಡಿಸಿ ಲೆಹ್ರಾಕ್ಕೆ ತಂದು ನಿಲ್ಲಿಸಿದರು. ಢಿಂಡ್ಸಾ ಮನೆಯವರಿಗೆ ಸಂಗ್ರೂರ್ ಪೂರ್ತಿ ಹಿಡಿತ ಇತ್ತು. ರಾಜ್ಯದಲ್ಲಿ ಕಾಂಗ್ರೆಸ್ ಭರ್ಜರಿಯಾಗಿ ಗೆದ್ದ ವರ್ಷವೇ ಭಟ್ಟಲ್ 26 ಸಾವಿರಕ್ಕೂ ಹೆಚ್ಚು ಮತಗಳಿಂದ ಸೋತರು. 1997ರಲ್ಲಿ ಪಕ್ಷ ಸೋತು ಅವರು ಗೆದ್ದಿದ್ದರು, ಇಲ್ಲಿ ಪೂರ್ತಿ ತಿರುಗುಮುರುಗು. ಕ್ಷೇತ್ರ ಅವರ ಮೇಲೆ ಅಷ್ಟು ಬೇಸತ್ತಿತ್ತು ಅಂತಲೇ ಅರ್ಥ. ಐದು ಸಲ ಗೆಲ್ಲಿಸಿದ ಜನಕ್ಕೆ ಘಗ್ಗರ್ ಪ್ರಶ್ನೆ, ಸಾಲದ ಪ್ರಶ್ನೆ ಎರಡೂ ಹಾಗೇ ಉಳಿದಿದ್ದವು.

2022ರಲ್ಲಿ ಮತ್ತೆ ನಿಂತರು, 76ನೇ ವಯಸ್ಸಿನಲ್ಲಿ. ಆಮ್ ಆದ್ಮಿಯ ಬರಿಂದರ್ ಕುಮಾರ್ ಗೋಯಲ್ ಗೆದ್ದರು. ಭಟ್ಟಲ್, ಢಿಂಡ್ಸಾ ಇಬ್ಬರೂ ಸೋತರು. ಗೋಯಲ್ 2024ರಲ್ಲಿ ಜಲಸಂಪನ್ಮೂಲ ಸಚಿವರಾದರು. ಲೆಹ್ರಾದ ಶಾಸಕರ ಕೈಗೇ ನದಿಯ ಖಾತೆ ಬಂತು.

ಶರಾವತಿ ತೀರ

ಎಲ್ಲರಿಗೂ ಧನ್ಯವಾದ. ಇದನ್ನೆಲ್ಲ ಸೇರಿಸಿ ಒಂದು ಉದ್ದದ ಲೇಖನ ಬರೆಯಬೇಕು ಅಂತಿದ್ದೇನೆ. ಉಚಿತ ಕರೆಂಟಿನ ಭಾಗಕ್ಕೆ ರೈತ ಅವರ ಮಾತು, ಜಮೀನಿನ ಭಾಗಕ್ಕೆ ನೀಲಿ ಪೆನ್ನು ಅವರ ಮಾತು ಇರಲೇಬೇಕು. ನನಗೆ ಇನ್ನೂ ಬೇಕಾಗಿರುವುದು 2007ರಿಂದ 2012ರವರೆಗಿನ ಭಟ್ಟಲ್. ವಿರೋಧ ಪಕ್ಷದ ನಾಯಕಿಯಾಗಿ ಬಾದಲ್ ತಂದೆ-ಮಗನ ಸರ್ಕಾರವನ್ನು ಎದುರಿಸಿದ ವರ್ಷಗಳು ಅವು. ಮುಖ್ಯಮಂತ್ರಿ ಕುರ್ಚಿಗಿಂತ ಆ ಜಾಗದಲ್ಲಿ ಅವರಿಗೆ ಮಾತನಾಡಲು ಸಮಯ ಸಿಕ್ಕಿತ್ತು. ಮೊಹಾಲಿ ಅಣ್ಣಾ, ಸದನದ ನಡಾವಳಿ ಓದಲು ನಿಮಗೆ ಸಾಧ್ಯವೇ? ಗುರುಮುಖಿ ಲಿಪಿ ಬರುತ್ತದೆಯೇ?

ಮೊಹಾಲಿ ಕನ್ನಡಿಗ

ಗುರುಮುಖಿ ಓದುತ್ತೇನೆ ತಂಗಿ, ಇಲ್ಲಿದ್ದು ಕಲಿತಿದ್ದೇನೆ. ಚಂಡೀಗಢದ ವಿಧಾನಸಭೆ ಗ್ರಂಥಾಲಯದಲ್ಲಿ ವಿಚಾರಿಸುತ್ತೇನೆ. ರೈತರ ಸಾಲ, ಘಗ್ಗರ್, ಪರಿಶಿಷ್ಟರ ಜಮೀನು, ಈ ಮೂರು ವಿಷಯದಲ್ಲಿ ಅವರು ಏನು ಮಾತಾಡಿದ್ದಾರೆ ಅಂತ ಮೊದಲು ಹುಡುಕುತ್ತೇನೆ. ಸಿಕ್ಕಿದ್ದನ್ನು ಕನ್ನಡ ಮಾಡಿ ಇಲ್ಲೇ ಹಾಕುತ್ತೇನೆ. ನೀಲಿ ಪೆನ್ನು ಅವರೇ, ಮೂರನೆಯದಕ್ಕೆ ಯಾವ ವರ್ಷದಿಂದ ನೋಡಲಿ, ಹೇಳಿ.

ನೀಲಿ ಪೆನ್ನು

2007ರಿಂದಲೇ ಶುರು ಮಾಡಿ. ಚಳವಳಿ ದೊಡ್ಡದಾಗುವ ಮುಂಚೆಯೇ ಅವರು ಮಾತಾಡಿದ್ದರೋ ಇಲ್ಲವೋ ಅನ್ನುವುದೇ ನನಗೆ ಮುಖ್ಯ.